ಐದನೇ ವಯಸ್ಸಿಗೆ ದುಡಿಮೆಗೆ ಬಂದ ಹುಡುಗಿ: ಹಿದೆಕೊ ತಕಮಿನೆ ಐವತ್ತು ವರ್ಷ ನಿಂತದ್ದು ಹೇಗೆ?

ಪ್ರಶ್ನೆ: ಕಳೆದ ತಿಂಗಳು ಗೆಳತಿಯ ಮನೆಯಲ್ಲಿ 'ಇಪ್ಪತ್ತನಾಲ್ಕು ಕಣ್ಣುಗಳು' ಎಂಬ ಹಳೆಯ ಜಪಾನಿ ಸಿನಿಮಾ ನೋಡಿದೆ. ಎರಡು ದಿನ ಅದರ ಗುಂಗಲ್ಲೇ ಇದ್ದೆ. ಟೀಚರ್ ಪಾತ್ರ ಮಾಡಿದ ನಟಿ ಐದನೇ ವಯಸ್ಸಿಗೇ ಸಿನಿಮಾಕ್ಕೆ ಬಂದವರು ಅಂತ ಆಮೇಲೆ ಗೊತ್ತಾಯಿತು. ಬಾಲನಟರು ದೊಡ್ಡವರಾದ ಮೇಲೆ ಮರೆಯಾಗುವುದೇ ಜಾಸ್ತಿ. ಇವರು ಹೇಗೆ ಉಳಿದರು? ಅಷ್ಟು ಚಿಕ್ಕ ಮಗುವನ್ನು ದುಡಿಸಲು ಯಾರೂ ಅಡ್ಡಿ ಮಾಡಲಿಲ್ಲವಾ? ಅವರ ಬೇರೆ ಯಾವ ಸಿನಿಮಾ ನೋಡಬೇಕು?

ಉತ್ತರ: ನೀವು ನೋಡಿದ ಟೀಚರ್ ಹೆಸರು ಹಿದೆಕೊ ತಕಮಿನೆ. ನಿಮ್ಮ ಪ್ರಶ್ನೆ ಓದಿ ನನಗೆ ತುಂಬಾ ಸಂತೋಷವಾಯಿತು. ಜಪಾನಿ ಸಿನಿಮಾ ಅಂದರೆ ನಮ್ಮಲ್ಲಿ ಕುರೊಸಾವಾ ಹೆಸರು ಬರುತ್ತದೆ, ಓಜು ಹೆಸರು ಬರುತ್ತದೆ. ಈ ನಟಿಯ ಹೆಸರು ಬರುವುದು ಅಪರೂಪ. ನನಗೆ ಅವರು ಯಾವ ನಿರ್ದೇಶಕರಿಗೂ ಕಡಿಮೆಯಲ್ಲ.

ಮೊದಲ ಪ್ರಶ್ನೆಗೆ ನೇರವಾಗಿಯೇ ಹೇಳುತ್ತೇನೆ. ಬಾಲನಟರು ಮರೆಯಾಗುವುದಕ್ಕೆ ಒಂದು ದೊಡ್ಡ ಕಾರಣ, ಜನ ಪ್ರೀತಿಸಿದ್ದು ಅವರ ಮುದ್ದುತನವನ್ನು. ಅದು ಹೋದಾಗ ಜನರೂ ಹೋಗುತ್ತಾರೆ. ಹಿದೆಕೊಗೆ ನಟನೆ ಆಸೆಪಟ್ಟು ಬಂದದ್ದಲ್ಲ, ಹೊಟ್ಟೆಪಾಡಾಗಿ ಬಂದದ್ದು. ಅದನ್ನು ಅವರು ಕೊನೆಯವರೆಗೂ ಹಾಗೇ ನೋಡಿದರು. ಮೂವತ್ತರ ಆಸುಪಾಸಿನಲ್ಲಿ, ಬೇರೆಯವರ ಕೈಯಲ್ಲಿದ್ದ ತಮ್ಮ ಬದುಕನ್ನು ಒಂದೊಂದೇ ಹೆಜ್ಜೆಯಿಟ್ಟು ವಾಪಸ್ ಪಡೆದರು. ಅವರು ಉಳಿದದ್ದು ಇದರಿಂದ ಅಂತ ನಾನು ನಂಬುತ್ತೇನೆ. ಇದಕ್ಕೆ ಅವರ ಕಥೆಯನ್ನು ಸ್ವಲ್ಪ ವಿವರವಾಗಿಯೇ ಹೇಳಬೇಕು.

ಹಿದೆಕೊ ಹುಟ್ಟಿದ್ದು 1924ರ ಮಾರ್ಚ್ 27ರಂದು, ಜಪಾನಿನ ಉತ್ತರ ತುದಿಯ ಹೊಕ್ಕೈದೊ ದ್ವೀಪದ ಹಕೊದಾತೆ ಎಂಬ ಬಂದರು ಊರಿನಲ್ಲಿ. ನಾಲ್ಕೈದು ವರ್ಷದವರಿದ್ದಾಗ ತಾಯಿ ಕ್ಷಯದಿಂದ ತೀರಿಕೊಂಡರು. ತಂದೆಯ ತಂಗಿ, ಅಂದರೆ ಸೋದರತ್ತೆ, ಮಗುವನ್ನು ದತ್ತು ತೆಗೆದುಕೊಂಡು ಟೋಕಿಯೊಗೆ ಕರೆತಂದರು. ಈ ಅತ್ತೆ ಒಂದು ಕಾಲಕ್ಕೆ ಬೆನ್ಶಿ ಆಗಿದ್ದವರು. ಮೂಕಿ ಚಿತ್ರಗಳ ಕಾಲದಲ್ಲಿ ಪರದೆಯ ಪಕ್ಕ ನಿಂತು ಕಥೆ ಹೇಳುವವರನ್ನು, ಎಲ್ಲ ಪಾತ್ರಗಳ ಮಾತನ್ನೂ ತಾವೇ ಆಡುವವರನ್ನು ಜಪಾನಿನಲ್ಲಿ ಬೆನ್ಶಿ ಎನ್ನುತ್ತಿದ್ದರು. ಅತ್ತೆ ಆ ಕೆಲಸಕ್ಕೆ ಇಟ್ಟುಕೊಂಡಿದ್ದ ಹೆಸರೇ 'ಹಿದೆಕೊ ತಕಮಿನೆ'. ಹುಡುಗಿಯ ಮನೆತನದ ಹೆಸರು ಹಿರಾಯಾಮ. ಪರದೆಯ ಮೇಲೆ ಬಂದದ್ದು ಮಾತ್ರ ಅತ್ತೆ ಬಿಟ್ಟುಕೊಟ್ಟ ಹೆಸರು.

1929ರಲ್ಲಿ ಸಾಕುತಂದೆ ಮಗುವನ್ನು ಶೋಚಿಕು ಕಂಪನಿಯ ಕಮಾತಾ ಸ್ಟುಡಿಯೊಗೆ ಕರೆದುಕೊಂಡು ಹೋದರು. ಅಲ್ಲಿ 'ಹಾಹಾ' ಎಂಬ ಚಿತ್ರಕ್ಕೆ ಒಂದು ಹೆಣ್ಣುಮಗುವನ್ನು ಹುಡುಕುತ್ತಿದ್ದರು. ಹಾಹಾ ಎಂದರೆ ಅಮ್ಮ. ಸಾಲಾಗಿ ನಿಂತಿದ್ದ ಮಕ್ಕಳ ಕೊನೆಯಲ್ಲಿ ಇವರನ್ನೂ ನಿಲ್ಲಿಸಿದರು. ನಿರ್ದೇಶಕ ಹೋತೆಯ್ ನೊಮುರಾ ಆರಿಸಿದ್ದು ಇವರನ್ನೇ. ಈಗಷ್ಟೇ ಅಮ್ಮನನ್ನು ಕಳೆದುಕೊಂಡ ಮಗು 'ಅಮ್ಮ' ಎಂಬ ಸಿನಿಮಾದಿಂದ ದುಡಿಮೆ ಶುರು ಮಾಡಿತು.

ಚಿತ್ರ ಚೆನ್ನಾಗಿ ಓಡಿತು. ಆಮೇಲೆ ಬಿಡುವೇ ಇಲ್ಲ. ಕೂದಲು ಗಿಡ್ಡ ಮಾಡಿ ಗಂಡುಮಕ್ಕಳ ಪಾತ್ರವನ್ನೂ ಮಾಡಿಸಿದರು. ಜನ ಪ್ರೀತಿಯಿಂದ 'ದೆಕೊ-ಚಾನ್' ಎಂದು ಕರೆದರು. ಅಮೆರಿಕದ ಶರ್ಲಿ ಟೆಂಪಲ್ ಜೊತೆ ಹೋಲಿಸಿದರು. ಆದರೆ ನೆನಪಿರಲಿ, ಹಿದೆಕೊ ಮೊದಲ ಚಿತ್ರ ಮಾಡಿದಾಗ ಶರ್ಲಿಗೆ ಒಂದೋ ಎರಡೋ ವರ್ಷ.

ಶಾಲೆ? ಅವರು ತರಗತಿಯಲ್ಲಿ ಕೂತ ದಿನಗಳು ಬೆರಳಲ್ಲಿ ಎಣಿಸುವಷ್ಟು. ಶೂಟಿಂಗ್ ಇದ್ದರೆ ಶಾಲೆ ಇಲ್ಲ, ಶೂಟಿಂಗ್ ಯಾವಾಗಲೂ ಇರುತ್ತಿತ್ತು. ಪ್ರಾಥಮಿಕ ಶಾಲೆಯ ಒಬ್ಬ ಮೇಷ್ಟ್ರು ಮಕ್ಕಳ ಪುಸ್ತಕಗಳನ್ನು ತಂದುಕೊಡುತ್ತಿದ್ದರು. ಅವನ್ನು ತಿರುವಿ ತಿರುವಿ ತಾವೇ ಅಕ್ಷರ ಕಲಿತರು. ಈ ಮೇಷ್ಟ್ರನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತಾರೆ.

1934ರ ಮಾರ್ಚ್‌ನಲ್ಲಿ ಹಕೊದಾತೆಗೆ ದೊಡ್ಡ ಬೆಂಕಿ ಬಿದ್ದು ಊರಿನ ಬಹುಭಾಗ ಸುಟ್ಟುಹೋಯಿತು. ಹಿದೆಕೊ ಹುಟ್ಟಿದ ಮನೆಯವರ ವ್ಯಾಪಾರವೂ ಬೂದಿಯಾಯಿತು. ಅವರೆಲ್ಲ ಟೋಕಿಯೊಗೆ ಬಂದರು, ಹತ್ತು ವರ್ಷದ ಹುಡುಗಿಯ ಸಂಪಾದನೆಯನ್ನು ನಂಬಿಕೊಂಡು. ಇದು ನನ್ನನ್ನು ತುಂಬಾ ಕಾಡುವ ವಿಷಯ. ಆ ವಯಸ್ಸಿಗೆ ಅವರು ಒಂದು ದೊಡ್ಡ ಸಂಸಾರದ ಯಜಮಾನಿ. ಆದರೆ ಒಂದು ರೂಪಾಯಿ ಖರ್ಚು ಮಾಡುವ ಅಧಿಕಾರವೂ ಅವರಿಗಿಲ್ಲ. ದುಡ್ಡೆಲ್ಲ ಸಾಕುತಾಯಿಯ ಕೈಯಲ್ಲಿ.

ಕಾನೂನು ಅಡ್ಡ ಬರಲಿಲ್ಲವಾ ಎಂದು ಕೇಳಿದ್ದೀರಿ. ಅವರ ಬಾಲ್ಯ ಮುಗಿಯುವವರೆಗೂ ಏನೂ ಅಡ್ಡ ಬರಲಿಲ್ಲ. ಯುದ್ಧ ಮುಗಿದು, 1947ರಲ್ಲಿ ಹೊಸ ಕಾರ್ಮಿಕ ಕಾನೂನು ಬಂದಾಗ, ಚಿಕ್ಕ ಮಕ್ಕಳನ್ನು ಸಿನಿಮಾ, ನಾಟಕಕ್ಕೆ ಬಳಸಲು ಸರ್ಕಾರದ ಅನುಮತಿ ಬೇಕು, ಶಾಲೆಯ ಸಮಯದ ಹೊರಗೆ ಮಾತ್ರ ಕೆಲಸ ಎಂದಾಯಿತು. ಅಷ್ಟೊತ್ತಿಗೆ ಹಿದೆಕೊಗೆ 23 ವರ್ಷ. ನಮ್ಮ ದೇಶದಲ್ಲಿ ಇಂಥ ವಿವರವಾದ ನಿಯಮ ಬಂದದ್ದು 2017ರಲ್ಲಿ. ಜಿಲ್ಲಾಧಿಕಾರಿಯ ಅನುಮತಿ ಬೇಕು. ದಿನಕ್ಕೆ ಐದು ಗಂಟೆಗಿಂತ ಜಾಸ್ತಿ ದುಡಿಸುವಂತಿಲ್ಲ. ಮಗುವಿನ ಸಂಪಾದನೆಯ ಕನಿಷ್ಠ 20 ಪರ್ಸೆಂಟ್ ಮಗುವಿನ ಹೆಸರಲ್ಲೇ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ಟಿವಿ ಧಾರಾವಾಹಿ, ರಿಯಾಲಿಟಿ ಷೋಗಳಿಗೆ ಮಕ್ಕಳನ್ನು ಕಳಿಸುವ ಅಪ್ಪ ಅಮ್ಮಂದಿರು ಇದನ್ನು ತಿಳಿದುಕೊಂಡಿರಬೇಕು. ಹಿದೆಕೊ ಕಥೆ ಓದಿದಾಗಲೆಲ್ಲ ನನಗೆ ಆ ಠೇವಣಿಯ ನಿಯಮವೇ ನೆನಪಾಗುತ್ತದೆ.

1937ರಲ್ಲಿ ಅವರು ಕಂಪನಿ ಬದಲಿಸಿದರು. ಮುಂದೆ ತೋಹೊ ಆದ ಸಂಸ್ಥೆ ಅದು. ಹೋಗಲು ಒಂದು ಕಾರಣ, ಶಾಲೆಗೆ ಕಳಿಸುತ್ತೇವೆ ಎಂದು ಅವರು ಕೊಟ್ಟ ಮಾತು. ಸೇರಿಸಿದರು ಕೂಡ. ಹಾಜರಾತಿ ಸಾಲಲಿಲ್ಲ. ಶಾಲೆಯೋ ಸಿನಿಮಾವೋ ಆರಿಸಿಕೋ ಎಂಬ ಸ್ಥಿತಿ ಬಂತು. ಮನೆಯಲ್ಲಿ ಅಷ್ಟು ಬಾಯಿಗಳಿರುವಾಗ ಆರಿಸುವುದು ಏನನ್ನು? ಶಾಲೆ ಬಿಟ್ಟರು.

ಆದರೆ ಈ ಹೊತ್ತಿಗೆ ಏನೋ ಬದಲಾಗಿತ್ತು. 1938ರಲ್ಲಿ, 14ನೇ ವಯಸ್ಸಿನಲ್ಲಿ, 'ತ್ಸುಝುರಿಕಾತಾ ಕ್ಯೋಶಿತ್ಸು' ಎಂಬ ಚಿತ್ರದಲ್ಲಿ ಬಡ ತಗಡು ಕೆಲಸದವನ ಮಗಳಾಗಿ ನಟಿಸಿದರು. ಮನೆಯ ಬಡತನವನ್ನು ಶಾಲೆಯ ಪ್ರಬಂಧಗಳಲ್ಲಿ ಬರೆಯುವ ಹುಡುಗಿಯ ಪಾತ್ರ ಅದು. ಇಲ್ಲಿ ಮುದ್ದುತನ ಇಲ್ಲ. ಸುಮ್ನೆ ನೋಡುವ, ಗಮನಿಸುವ ಕಣ್ಣುಗಳಿವೆ. ಬಾಲನಟಿ ಮುಗಿದು ನಟಿ ಶುರುವಾದದ್ದು ಇಲ್ಲಿ ಎಂದು ನನಗನ್ನಿಸುತ್ತದೆ. ನಿರ್ದೇಶಕ ಕಜಿರೊ ಯಮಾಮೊತೊ. 1941ರಲ್ಲಿ ಇದೇ ಯಮಾಮೊತೊ 'ಉಮಾ', ಅಂದರೆ 'ಕುದುರೆ', ಮಾಡಿದರು. ಮರಿಯಿಂದ ಸಾಕಿದ ಕುದುರೆಯನ್ನು ಸೈನ್ಯಕ್ಕೆ ಮಾರಬೇಕಾಗಿ ಬರುವ ರೈತರ ಹುಡುಗಿಯ ಕಥೆ. ಬೇರೆ ಬೇರೆ ಋತುಗಳಲ್ಲಿ, ಉತ್ತರದ ಹಳ್ಳಿಗಳಲ್ಲಿ ಶೂಟಿಂಗ್ ನಡೆಯಿತು. ಯಮಾಮೊತೊ ಬೇರೆ ಚಿತ್ರಗಳಲ್ಲಿ ಮುಳುಗಿದ್ದರಿಂದ ಬಹುಪಾಲು ಕೆಲಸ ನೋಡಿಕೊಂಡದ್ದು ಅವರ ಸಹಾಯಕ, ಅಕಿರಾ ಕುರೊಸಾವಾ. ಹದಿಹರೆಯದ ನಟಿಗೂ ಆ ಸಹಾಯಕನಿಗೂ ಸ್ನೇಹ ಬೆಳೆಯಿತು. ಪತ್ರಿಕೆಗಳಲ್ಲಿ ಸುದ್ದಿಯೂ ಆಯಿತು. ಸಾಕುತಾಯಿ ಅದನ್ನು ಅಲ್ಲಿಗೇ ನಿಲ್ಲಿಸಿಬಿಟ್ಟರು. ಮುಂದೆ ಜಗತ್ತೇ ಕೊಂಡಾಡಿದ ಕುರೊಸಾವಾ ತಾವು ನಿರ್ದೇಶಕರಾಗಿ ಹೆಸರು ಮಾಡಿದ ಚಿತ್ರಗಳಲ್ಲಿ ಹಿದೆಕೊ ಇಲ್ಲ.

ಯುದ್ಧದ ವರ್ಷಗಳಲ್ಲಿ ಸೈನಿಕರು ಅವರ ಫೋಟೊ ಜೇಬಿನಲ್ಲಿಟ್ಟುಕೊಂಡು ಹೋದರು. ಯುದ್ಧ ಮುಗಿದ ಮೇಲೆ ಅಮೆರಿಕನ್ ಸೈನಿಕರ ಮುಂದೆ ಹಾಡಬೇಕಾಯಿತು. ನಿನ್ನೆ ಯಾರಿಗಾಗಿ ಹಾಡಿದೆನೋ ಅವರ ಶತ್ರುಗಳಿಗಾಗಿ ಇವತ್ತು ಹಾಡುವುದು! ಆಗ ಅವರಿಗೆ 21, 22 ವರ್ಷ ಅಷ್ಟೆ.

ಇಲ್ಲಿಂದ ಮುಂದಿನದೇ ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ. ಯುದ್ಧ ಮುಗಿದ ಮೇಲೆ ತೋಹೊದಲ್ಲಿ ದೊಡ್ಡ ಮುಷ್ಕರಗಳಾದವು. ಹತ್ತು ತಾರೆಯರ ಗುಂಪೊಂದು ನೌಕರರ ಸಂಘದಿಂದ ಬೇರೆಯಾಯಿತು. ಅದರಲ್ಲಿ ಇವರೂ ಇದ್ದರು. ಆ ಒಡಕಿನಿಂದ ಶಿನ್‌ತೋಹೊ ಎಂಬ ಹೊಸ ಕಂಪನಿ ಹುಟ್ಟಿತು. 1950ರಲ್ಲಿ ಅವರು ಅದನ್ನೂ ಬಿಟ್ಟರು. ಇನ್ನು ಯಾವ ಕಂಪನಿಯ ಸಂಬಳವೂ ಬೇಡ, ಒಂದೊಂದು ಚಿತ್ರಕ್ಕೂ ನಾನೇ ಒಪ್ಪಂದ ಮಾಡಿಕೊಳ್ಳುತ್ತೇನೆ ಎಂದು ನಿರ್ಧರಿಸಿದರು.

ಇದು ಎಷ್ಟು ದೊಡ್ಡ ಹೆಜ್ಜೆ ಎಂದು ಇವತ್ತು ಗೊತ್ತಾಗುವುದು ಕಷ್ಟ. ಆಗಿನ ಜಪಾನಿನಲ್ಲಿ ನಟ ನಟಿಯರು ಕಂಪನಿಗೆ ಸೇರಿದವರು. ಯಾವ ಪಾತ್ರ, ಯಾವ ನಿರ್ದೇಶಕ, ಯಾವಾಗ ರಜೆ, ಎಲ್ಲವೂ ಕಂಪನಿಯ ತೀರ್ಮಾನ. 1953ರಲ್ಲಂತೂ ದೊಡ್ಡ ಕಂಪನಿಗಳು ಕೂಡಿ, ಒಬ್ಬರ ನಟರನ್ನು ಇನ್ನೊಬ್ಬರು ತೆಗೆದುಕೊಳ್ಳುವಂತಿಲ್ಲ ಎಂದು ಒಪ್ಪಂದ ಮಾಡಿಕೊಂಡವು. ಹಿದೆಕೊ ಅಷ್ಟೊತ್ತಿಗೇ ಹೊರಗೆ ಬಂದಾಗಿತ್ತು. ಹಾಗಾಗಿಯೇ 1954ರಲ್ಲಿ ಶೋಚಿಕುಗೆ ಹೋಗಿ ನೀವು ನೋಡಿದ 'ಇಪ್ಪತ್ತನಾಲ್ಕು ಕಣ್ಣುಗಳು' ಮಾಡಿ, ಬೆನ್ನಿಗೇ ತೋಹೊಗೆ ಬಂದು 'ಉಕಿಗುಮೊ' ಮಾಡಲು ಆಯಿತು. ಮೊದಲನೆಯದರ ನಿರ್ದೇಶಕ ಕೈಸುಕೆ ಕಿನೊಶಿತ ಒಂದು ಕಂಪನಿ, ಎರಡನೆಯದರ ನಿರ್ದೇಶಕ ಮಿಕಿಯೊ ನರುಸೆ ಇನ್ನೊಂದು. ಇಬ್ಬರು ಮಹಾ ನಿರ್ದೇಶಕರ ಒಳ್ಳೆಯ ಚಿತ್ರಗಳೆಲ್ಲ ಒಬ್ಬಳೇ ನಟಿಗೆ ಸಿಕ್ಕಿದ್ದು ಹೀಗೆ. ಕಿನೊಶಿತ ಜೊತೆ 12 ಚಿತ್ರ, ನರುಸೆ ಜೊತೆ 17.

1951ರಲ್ಲಿ ಕಿನೊಶಿತ ಅವರ 'ಕಾರ್ಮೆನ್ ಊರಿಗೆ ಬಂದಳು' ಬಂತು. ಜಪಾನಿನ ಮೊದಲ ಪೂರ್ಣ ಬಣ್ಣದ ಚಿತ್ರ. ಟೋಕಿಯೊದಲ್ಲಿ ಬಟ್ಟೆ ಬಿಚ್ಚಿ ಕುಣಿಯುವ ಹೆಣ್ಣೊಬ್ಬಳು ತಾನು ದೊಡ್ಡ ಕಲಾವಿದೆ ಎಂಬ ಹೆಮ್ಮೆಯಿಂದ ಅಸಾಮ ಬೆಟ್ಟದ ಕೆಳಗಿನ ತನ್ನ ಹಳ್ಳಿಗೆ ಬರುತ್ತಾಳೆ. ಬಣ್ಣದ ಫಿಲ್ಮ್ ಕೈಕೊಟ್ಟರೆ ಎಂಬ ಭಯಕ್ಕೆ ಇಡೀ ಚಿತ್ರವನ್ನು ಕಪ್ಪು ಬಿಳುಪಿನಲ್ಲೂ ಬೇರೆಯಾಗಿ ತೆಗೆದರು. ಅಂದರೆ ಎಲ್ಲವನ್ನೂ ಎರಡೆರಡು ಸಲ ನಟಿಸಬೇಕಾಯಿತು.

ಇದು ಮುಗಿದದ್ದೇ ಅವರು ಒಬ್ಬರೇ ಪ್ಯಾರಿಸ್‌ಗೆ ಹೋದರು. ಸಿನಿಮಾಕ್ಕಲ್ಲ, ಪ್ರಶಸ್ತಿಗಲ್ಲ. ಯಾರಿಗೂ ಗುರುತು ಸಿಗದ ಊರಿನಲ್ಲಿ ಆರೇಳು ತಿಂಗಳು ಸುಮ್ನೆ ಇದ್ದು ಬರಲು. ಐದು ವರ್ಷದಿಂದ 27 ವರ್ಷದವರೆಗೆ ಎಡೆಬಿಡದೆ ಜನರ ಕಣ್ಣೆದುರೇ ಬದುಕಿದವರಿಗೆ ಅದೊಂದು ದೊಡ್ಡ ಬಿಡುಗಡೆ ಅಲ್ವಾ? ವಾಪಸ್ ಬಂದು ಆ ದಿನಗಳ ಬಗ್ಗೆ ಪುಸ್ತಕ ಬರೆದರು. ಶಾಲೆಗೆ ಹೋಗದ ಹುಡುಗಿಯ ಮೊದಲ ಪುಸ್ತಕ ಅದು.

ಈಗ ನಿಮ್ಮ ಟೀಚರ್ ವಿಷಯಕ್ಕೆ ಬರೋಣ. ಒಯಿಶಿ ಟೀಚರ್ ಸೈಕಲ್ ಮೇಲೆ ಬರುವುದು, ಊರವರು ಮೂಗು ಮುರಿಯುವುದು, 1928ರಿಂದ 1946ರವರೆಗೆ ಶೋದೊಶಿಮ ದ್ವೀಪದ ಹನ್ನೆರಡು ಮಕ್ಕಳ ಬದುಕು ಕಣ್ಣೆದುರೇ ಸವೆಯುವುದು, ಎಲ್ಲ ನಿಮಗೆ ಗೊತ್ತು. ಐವರು ಹುಡುಗರಲ್ಲಿ ಮೂವರು ಯುದ್ಧದಲ್ಲಿ ಸತ್ತರು. ಒಬ್ಬ ಕುರುಡನಾಗಿ ಬಂದು ಹಳೆಯ ಫೋಟೊವನ್ನು ಬೆರಳಲ್ಲಿ ಮುಟ್ಟುತ್ತಾ ಇದು ಇವರು, ಇದು ಅವರು ಎನ್ನುತ್ತಾನೆ. ಆ ದೃಶ್ಯದಲ್ಲಿ ಹಿದೆಕೊ ಮುಖ ಮತ್ತೊಮ್ಮೆ ನೋಡಿ. ಅವರಿಗೆ ಆಗ ಮೂವತ್ತು. ಇಪ್ಪತ್ತರ ಹುಡುಗಿಯಾಗಿ ಶುರು ಮಾಡಿ ನಲವತ್ತು ದಾಟಿದ ವಿಧವೆಯಾಗಿ ಮುಗಿಸಿದ್ದಾರೆ. ಮೇಕಪ್‌ಗಿಂತ ನಡಿಗೆಯಲ್ಲಿ, ಕತ್ತಿನಲ್ಲಿ ವಯಸ್ಸು ಇಳಿದಿದೆ. ತರಗತಿಯಲ್ಲಿ ಕೂರಲು ಅವಕಾಶವೇ ಸಿಗದ ಹೆಣ್ಣು ಜಪಾನ್ ದೇಶ ಅತಿ ಹೆಚ್ಚು ಪ್ರೀತಿಸಿದ ಟೀಚರ್ ಆದರು. ಹಾಜರಿ ಕರೆಯುವಾಗ ಒಂದೊಂದು ಹೆಸರನ್ನೂ ಅವರು ಹೇಗೆ ಉಚ್ಚರಿಸುತ್ತಾರೆ ಗಮನಿಸಿದಿರಾ? ಪುಸ್ತಕ ತಂದುಕೊಡುತ್ತಿದ್ದ ಆ ಮೇಷ್ಟ್ರು ಎಲ್ಲೋ ಅದರೊಳಗೆ ಇದ್ದಾರೆ ಎಂದೇ ನನಗನ್ನಿಸುತ್ತದೆ.

ಆ ವರ್ಷ ಜಪಾನಿನ ದೊಡ್ಡ ಸಿನಿಮಾ ಪತ್ರಿಕೆ 'ಕಿನೆಮಾ ಜುನ್‌ಪೊ'ದ ವಿಮರ್ಶಕರು ಈ ಚಿತ್ರಕ್ಕೆ ಮೊದಲ ಸ್ಥಾನ ಕೊಟ್ಟರು. ಎರಡನೆಯದು ಕಿನೊಶಿತ ಅವರದೇ ಇನ್ನೊಂದು ಚಿತ್ರ, ಅದರಲ್ಲೂ ಹಿದೆಕೊ ಇದ್ದರು. ಮೂರನೆಯದು ಕುರೊಸಾವಾ ಅವರ 'ಸೆವೆನ್ ಸಮುರಾಯ್'.

ನರುಸೆ ಅವರ 'ಉಕಿಗುಮೊ', ಅಂದರೆ 'ತೇಲುವ ಮೋಡಗಳು', 1955ರ ಜನವರಿಯಲ್ಲಿ ಬಂತು. ಇದನ್ನು ಒಪ್ಪಿಕೊಳ್ಳಲು ಹಿದೆಕೊಗೆ ಧೈರ್ಯವಿರಲಿಲ್ಲ. ನನ್ನ ಕೈಲಾಗದು ಎಂದು ತೋರಿಸಲು ತಮ್ಮ ಮಾತುಗಳನ್ನೆಲ್ಲ ಟೇಪ್‌ನಲ್ಲಿ ಓದಿ ಕಳಿಸಿದರು. ಚಿತ್ರ ಮಾಡುವವರು ಅದನ್ನು ಉತ್ಸಾಹ ಎಂದುಕೊಂಡರು! ಯುದ್ಧಕಾಲದಲ್ಲಿ ಇಂಡೊಚೈನಾದಲ್ಲಿ ಟೈಪಿಸ್ಟ್ ಆಗಿದ್ದ ಯುಕಿಕೊ ಎಂಬ ಹೆಣ್ಣು, ಅಲ್ಲಿ ಪ್ರೀತಿಸಿದ, ಬೇರೆ ಹೆಂಡತಿಯಿದ್ದ ಗಂಡಸನ್ನು ಹಾಳುಬಿದ್ದ ಟೋಕಿಯೊದಲ್ಲಿ ಹುಡುಕಿಕೊಂಡು ಬರುತ್ತಾಳೆ. ಅವನು ಯೋಗ್ಯನಲ್ಲ. ಅವಳಿಗೂ ಅದು ಗೊತ್ತು. ಆದರೂ ಬಿಡುವುದಿಲ್ಲ. ಎರಡು ಗಂಟೆ ಇಬ್ಬರೂ ನಡೆಯುತ್ತಲೇ ಇರುತ್ತಾರೆ. ಇಷ್ಟನ್ನು ಇಟ್ಟುಕೊಂಡು ಅವರು ಮಾಡಿದ ನಟನೆ ಜಪಾನಿ ಸಿನಿಮಾದ ಅತಿ ದೊಡ್ಡ ಅಭಿನಯಗಳಲ್ಲಿ ಒಂದು ಎಂದು ನಾನು ಹೇಳುತ್ತೇನೆ.

ಅದೇ ಮಾರ್ಚ್‌ನಲ್ಲಿ ಕಿನೊಶಿತ ಅವರ ಸಹಾಯಕ ಝೆಂಝೊ ಮತ್ಸುಯಾಮ ಅವರನ್ನು ಮದುವೆಯಾದರು. ಹುಡುಗ ಇವರಿಗಿಂತ ಒಂದು ವರ್ಷ ಚಿಕ್ಕವರು, ಸಂಬಳವೋ ಇವರ ಸಂಪಾದನೆ ಮುಂದೆ ಏನೂ ಅಲ್ಲ. ಮದುವೆಯಾದರೆ ನಟಿಯರು ಮನೆಗೆ ಸೇರಿಬಿಡುವ ಕಾಲ ಅದು. ಇವರು ಸೇರಲಿಲ್ಲ. ಮುಂದೆ ಗಂಡ ಮೊದಲ ಬಾರಿ ನಿರ್ದೇಶಕರಾದಾಗ, 1961ರಲ್ಲಿ, ಕಿವುಡ ಮೂಗ ದಂಪತಿಯ ಕಥೆಯಲ್ಲಿ ಹೆಂಡತಿಯ ಪಾತ್ರ ಮಾಡಿದರು.

ನರುಸೆ ಚಿತ್ರಗಳ ಬಗ್ಗೆ ಒಂದು ಮಾತು ಹೇಳಲೇಬೇಕು. ಅವರ ಸಿನಿಮಾಗಳಲ್ಲಿ ದುಡ್ಡು ಎಣಿಸುತ್ತಾರೆ. ಬಾಡಿಗೆ ಎಷ್ಟು, ಸಾಲ ಎಷ್ಟು, ತಮ್ಮನಿಗೆ ಎಷ್ಟು, ಅಮ್ಮನಿಗೆ ಎಷ್ಟು. 1960ರ 'ಹೆಣ್ಣೊಬ್ಬಳು ಮೆಟ್ಟಿಲೇರುವಾಗ' ಚಿತ್ರದಲ್ಲಿ ಹಿದೆಕೊ ಟೋಕಿಯೊದ ಗಿಂಝಾ ಬಡಾವಣೆಯ ಬಾರ್ ಒಂದನ್ನು ನಡೆಸುವ ವಿಧವೆ ಕೈಕೊ. ದಿನಾ ಸಂಜೆ ಇಷ್ಟವಿಲ್ಲದೆ ಮೆಟ್ಟಿಲು ಹತ್ತುತ್ತಾಳೆ. ಮೇಲೆ ತಲುಪಿದ ಕೂಡಲೇ ಮುಖದಲ್ಲಿ ನಗು. ತವರಲ್ಲಿ ಅಮ್ಮ, ಅಣ್ಣ ಅವಳ ದುಡ್ಡಿಗೆ ಕಾಯುತ್ತಾರೆ. ಹತ್ತನೇ ವಯಸ್ಸಿಗೆ ನೆಂಟರ ಹೊಟ್ಟೆ ತುಂಬಿಸಿದ ಹೆಣ್ಣಿಗೆ ಈ ಪಾತ್ರವನ್ನು ಯಾರು ಕಲಿಸಬೇಕು? ಆ ಚಿತ್ರದ ಕಿಮೊನೊಗಳನ್ನೂ ಅವರೇ ಆರಿಸಿದರು. ವಸ್ತ್ರ ವಿನ್ಯಾಸಕ್ಕೆ ಪರದೆಯ ಮೇಲೆ ಅವರ ಹೆಸರೇ ಇದೆ. ಎಲ್ಲರಿಗಿಂತ ಸರಳವಾದ ಕಿಮೊನೊ ಉಟ್ಟವಳೇ ಎಲ್ಲರಿಗಿಂತ ಎದ್ದು ಕಾಣುತ್ತಾಳೆ.

1964ರ 'ಮಿದರೆರು' ಚಿತ್ರಕ್ಕೆ ಲೊಕಾರ್ನೊ ಉತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಸೂಪರ್ ಮಾರ್ಕೆಟ್ ಬಂದು ಮುಚ್ಚುವ ಹಂತಕ್ಕೆ ಬಂದ ಪುಟ್ಟ ಅಂಗಡಿ, ಅದನ್ನು 18 ವರ್ಷ ಕಾಪಾಡಿದ ವಿಧವೆ ಸೊಸೆ, ಅವಳನ್ನು ಪ್ರೀತಿಸುವ ಮೈದುನ. ಅದರ ಕೊನೆಯ ಷಾಟ್ ಬಗ್ಗೆ ನಾನೇನೂ ಹೇಳುವುದಿಲ್ಲ. ನೀವೇ ನೋಡಿ.

ವಯಸ್ಸಾದಂತೆ ಅವರು ಪಾತ್ರಗಳನ್ನೂ ವಯಸ್ಸಿಗೆ ಬಿಟ್ಟರು. 1967ರಲ್ಲಿ ಅತ್ತೆಯಾದರು. 1973ರಲ್ಲಿ ಮರೆಗುಳಿ ಕಾಯಿಲೆಯ ಮಾವನನ್ನು ನೋಡಿಕೊಳ್ಳುವ ಸೊಸೆಯಾದರು. 1979ರಲ್ಲಿ ಕಿನೊಶಿತ ಅವರ ಚಿತ್ರವೊಂದನ್ನು ಮುಗಿಸಿ ನಿಲ್ಲಿಸಿದರು. ಮತ್ತೆ ನಟಿಸಲಿಲ್ಲ. ಆಗ ಅವರಿಗೆ 55, ದುಡಿಮೆಗೆ 50.

ಅದಕ್ಕೆ ಮೂರು ವರ್ಷ ಮೊದಲು, 1976ರಲ್ಲಿ, ಅವರ ಆತ್ಮಕಥೆ ಪುಸ್ತಕವಾಗಿ ಬಂದು ಜಪಾನಿನ ಪ್ರಬಂಧಕಾರರ ಸಂಘದ ಪ್ರಶಸ್ತಿ ಪಡೆಯಿತು. ಹೆಸರು 'ವತಾಶಿ ನೊ ತೊಸೆಯ್ ನಿಕ್ಕಿ'. 'ತೊಸೆಯ್' ಪದಕ್ಕೆ ಕನ್ನಡದಲ್ಲಿ ಸರಿಯಾದ ಮಾತು ಹೊಟ್ಟೆಪಾಡು. 'ನನ್ನ ಹೊಟ್ಟೆಪಾಡಿನ ದಿನಚರಿ'. ಅವರು ಕಲಾಜೀವನ ಎನ್ನಲಿಲ್ಲ ನೋಡಿ. ಸಾಕುತಾಯಿಯ ಬಗ್ಗೆ, ದುಡ್ಡಿನ ಬಗ್ಗೆ, ನಟನೆ ಇಷ್ಟವಿಲ್ಲದ್ದರ ಬಗ್ಗೆ ಮುಚ್ಚುಮರೆ ಇಲ್ಲದೆ ಬರೆದರು. ಆಮೇಲಿನ ಮೂವತ್ತು ವರ್ಷ ಅವರ ಕೈಯಲ್ಲಿದ್ದದ್ದು ಪೆನ್ನು. 2010ರ ಡಿಸೆಂಬರ್ 28ರಂದು, 86ನೇ ವಯಸ್ಸಿನಲ್ಲಿ, ಟೋಕಿಯೊದಲ್ಲಿ ತೀರಿಕೊಂಡರು.

ಇನ್ನು ಏನು ನೋಡಬೇಕು ಎಂಬುದು. ಮೊದಲು 'ಹೆಣ್ಣೊಬ್ಬಳು ಮೆಟ್ಟಿಲೇರುವಾಗ' ನೋಡಿ. 'ಇಪ್ಪತ್ತನಾಲ್ಕು ಕಣ್ಣುಗಳು' ಕಣ್ಣೀರು ಬರಿಸುವ ಚಿತ್ರ, ಇದು ಕಣ್ಣೀರನ್ನು ನುಂಗುವ ಚಿತ್ರ. ಎರಡರಲ್ಲೂ ಇರುವ ನಟಿ ಒಬ್ಬರೇ ಎಂದು ನಂಬುವುದು ಕಷ್ಟವಾಗುತ್ತದೆ. ಆಮೇಲೆ 'ಮಿದರೆರು'. 'ಉಕಿಗುಮೊ' ನೋಡಲು ಅವಸರ ಬೇಡ, ಮನಸ್ಸು ಗಟ್ಟಿಯಾಗಿರುವ ದಿನ ನೋಡಿ. ಮಧ್ಯೆ ಹಗುರಾಗಲು 'ಕಾರ್ಮೆನ್' ಇದೆ.

ಇವೆಲ್ಲ ಆದ ಮೇಲೆ ಓಜು ಅವರ 1931ರ ಮೂಕಿ 'ಟೋಕಿಯೊ ಕೋರಸ್' ಹುಡುಕಿ. ಅದರಲ್ಲಿ ಕೆಲಸ ಕಳೆದುಕೊಂಡ ಅಪ್ಪನ ಪುಟ್ಟ ಮಗಳು ಕಾಯಿಲೆ ಬೀಳುತ್ತಾಳೆ. ಆಸ್ಪತ್ರೆ ಖರ್ಚಿಗೆ ಅಮ್ಮನ ಕಿಮೊನೊಗಳನ್ನು ಮಾರುತ್ತಾರೆ. ಆ ಮಗಳೇ ಹಿದೆಕೊ, ಏಳು ವರ್ಷದವರು. ಗುಣವಾಗಿ ಮನೆಗೆ ಬಂದ ಮೇಲೆ ನಾಲ್ವರೂ ಕೂತು ಚಪ್ಪಾಳೆ ಆಟ ಆಡುತ್ತಾರೆ. ಅವರ ಪುಟ್ಟ ಕೈಗಳನ್ನು ನೋಡಿ.